ಬಲೆ ಬಿಚ್ಚುವ ದಿನದ ಚಿಗಟ

ಮೀನುಗಾರಿಕೆಯ ಹಂಗಾಮು ಶುರುವಾಗುವ ನಾರಳಿ ಹುಣ್ಣಿಮೆಗೆ ಇನ್ನೆರಡು ದಿನ ಇದೆ ಎನ್ನುವಾಗ ನಮ್ಮ ಅಜ್ಜಿ ಕಾಲಿಗೆ ಬಿಳಿ ಬಟ್ಟೆ ಸುತ್ತಿಕೊಳ್ಳುತ್ತಿದ್ದಳು. ಅಜ್ಜನ ಹಳೆಯ ಪಂಚೆ ಹರಿದು ಮಾಡಿಟ್ಟ ಪಟ್ಟಿಗಳು. ಅವನ್ನು ನೀರಲ್ಲಿ ಅದ್ದಿ ಹಿಂಡಿ, ಪಾದದಿಂದ ಮೊಣಕಾಲಿನ ತನಕ ಬಿಗಿಯಾಗಿ ಸುತ್ತಿ, ಸೀರೆ ಎತ್ತಿ ಕಚ್ಚೆ ಹಾಕಿ, ಬಲೆ ಇಟ್ಟ ಮಾಡಿನೊಳಗೆ ಒಬ್ಬಳೇ ಹೋಗುತ್ತಿದ್ದಳು. ನಾವು ಮಕ್ಕಳು ಪಾಗಾರದ ಮೇಲೆ ಕಾಲು ಮೇಲೆತ್ತಿ ಕೂತು ನೋಡಬೇಕು, ಕೆಳಗೆ ಇಳಿಯಕೂಡದು. ಒಳಗೆ ಅವಳು ದಪದಪ ಹೆಜ್ಜೆ ಹಾಕುವುದು ಕೇಳುತ್ತಿತ್ತು. ನಾಲ್ಕು ಸುತ್ತು ನಡೆದು ಹೊರಗೆ ಬಂದಳೆಂದರೆ ಆ ಬಿಳಿ ಬಟ್ಟೆಯ ಮೇಲೆ ಸಾಸಿವೆ ಚೆಲ್ಲಿದ ಹಾಗೆ ಚಿಗಟ. ಒದ್ದೆ ಬಟ್ಟೆಗೆ ಅಂಟಿಕೊಂಡ ಚಿಗಟಕ್ಕೆ ಸಲೀಸಾಗಿ ಹಾರಲು ಆಗುವುದಿಲ್ಲ. ಅಂಗಳದ ಮೂಲೆಯಲ್ಲಿ ಹಂಡೆ ಕುದಿಯುತ್ತಿರುತ್ತಿತ್ತು. ಪಟ್ಟಿ ಬಿಚ್ಚಿ ಹಂಡೆಗೆ ಹಾಕಿ, ಬೇರೆ ಪಟ್ಟಿ ಸುತ್ತಿ, ಮತ್ತೆ ಒಳಗೆ. ಮೂರು ಸಲವಾದರೂ ಹೀಗೆ ಹೋಗಿ ಬಂದಮೇಲೆಯೇ ಗಂಡಸರು ಬಲೆಗೆ ಕೈ ಹಚ್ಚುತ್ತಿದ್ದರು.

ನಾನು 1953ರಲ್ಲಿ ಹುಟ್ಟಿದವಳು. ಬೈತಖೋಲದ ಗುಡ್ಡದ ಬುಡದಲ್ಲಿ ನಮ್ಮ ಮನೆ. ಬೆನ್ನಿಗೆ ಗುಡ್ಡ, ಎದುರಿಗೆ ಗಾಳಿ ಮರೆಯಾದ ಕಡಲು. ಊರಿಗೆ ಈ ಹೆಸರು ಕೊಟ್ಟವರು ಹಾಯಿ ಹಡಗಿನಲ್ಲಿ ಬಂದ ಅರಬರು, ಇಲ್ಲಿ ಬಂದು ನಿಂತರೆ ಹಡಗಿಗೆ ಮನೆಗೆ ಬಂದಷ್ಟು ನೆಮ್ಮದಿ ಎಂದು ಹಾಗೆ ಕರೆದರು ಎಂದು ಊರಲ್ಲಿ ಹೇಳುತ್ತಾರೆ. ಮನೆಯಲ್ಲಿ ಕೊಂಕಣಿ, ಶಾಲೆಯಲ್ಲಿ ಕನ್ನಡ. ಕಾರವಾರ, ಅಂಕೋಲೆಯ ಪ್ರಾಥಮಿಕ ಶಾಲೆಗಳಲ್ಲಿ ಮೂವತ್ತಮೂರು ವರ್ಷ ಪಾಠ ಹೇಳಿ ಈಗ ಅದೇ ಮನೆಯಲ್ಲಿ ಇದ್ದೇನೆ. ಕಳೆದ ಮಳೆಗಾಲ ಮಗಳ ಬಾಣಂತನಕ್ಕೆಂದು ಪುಣೆಗೆ ಹೋದವಳು ಮೂರೂವರೆ ತಿಂಗಳು ಮನೆಗೆ ಬೀಗ ಹಾಕಿದ್ದೆ. ಅಕ್ಟೋಬರಿನಲ್ಲಿ ಬಂದು ಗೇಟು ತೆಗೆದು, ಮೆಟ್ಟಿಲ ಪಕ್ಕದ ಹಳೆಯ ಮಾಡಿನಿಂದ ಕಸಬರಿಗೆ ತರಲು ಒಳಗೆ ಕಾಲಿಟ್ಟೆ. ಎರಡು ಕಾಲಿಗೂ ಕಪ್ಪು ಕಾಲುಚೀಲ ತೊಟ್ಟ ಹಾಗಾಯಿತು. ಬೀದಿಯ ನಾಯಿಯೊಂದು ಆ ಮಾಡಿನಲ್ಲಿ ಮರಿ ಹಾಕಿ, ಮರಿಗಳನ್ನು ಕರೆದುಕೊಂಡು ಹೋಗಿ ತಿಂಗಳಾಗಿತ್ತಂತೆ. ನಾಯಿ ಇಲ್ಲ, ಮರಿ ಇಲ್ಲ, ಚಿಗಟ ಮಾತ್ರ ಇತ್ತು.

ಇಷ್ಟು ವರ್ಷ ಇಲ್ಲೇ ಬಾಳಿದ ನಾನು ಅಂದು ಮಾಡಿದ್ದೇನು? ಪೇಟೆಗೆ ಹೋಗಿ ಒಂದು ಡಬ್ಬಿ ಔಷಧಿ ತಂದು ಅಂಗಳದ ತುಂಬ ಹೊಡೆದೆ. ಮೂರು ದಿನ ನಿಂತಿತು, ನಾಲ್ಕನೆಯ ದಿನ ಮತ್ತೆ ಕಾಲಿಗೆ ಹತ್ತಿತು. ಆಗ ನೆನಪಾದದ್ದು ಅಜ್ಜಿಯ ಬಿಳಿ ಪಟ್ಟಿ. ನೆನಪು ಒಂದೊಂದಾಗಿ ಬಿಚ್ಚಿಕೊಂಡಾಗ, ಅವಳ ವರ್ಷದ ಅರ್ಧ ಕೆಲಸ ಚಿಗಟದ ಮೇಲಿನ ಕೆಲಸವೇ ಆಗಿತ್ತಲ್ಲ ಎಂದು ತಿಳಿಯಿತು. ಅವಳು ಅದನ್ನು ಹಾಗೆ ಕರೆಯುತ್ತಿರಲಿಲ್ಲ. ಅಂಗಳ ಮಾಡುವುದು, ಬಲೆ ಒಣಗಿಸುವುದು, ಸಾರಿಸುವುದು, ಸುಣ್ಣ ಹೊಡೆಯುವುದು ಎನ್ನುತ್ತಿದ್ದಳು.

ಚಿಗಟದ ಬಾಳು ಹೇಗೆಂದು ತಿಳಿದರೆ ಅವಳ ಕೆಲಸ ಏನೆಂದು ತಿಳಿಯುತ್ತದೆ. ನಾಯಿಯ ಮೈಮೇಲೆ ಕಾಣುವ ಚಿಗಟ ಇಡೀ ಸಂಸಾರದ ಒಂದು ಸಣ್ಣ ಪಾಲು. ಹೆಣ್ಣು ಚಿಗಟ ದಿನಕ್ಕೆ ಇಪ್ಪತ್ತಕ್ಕೂ ಹೆಚ್ಚು ಮೊಟ್ಟೆ ಇಡುತ್ತದೆ. ಆ ಮೊಟ್ಟೆಗೆ ಅಂಟು ಇಲ್ಲ. ನಾಯಿ ಮೈ ಕೊಡವಿದಲ್ಲಿ, ಮಲಗಿದಲ್ಲಿ ಅದು ಉದುರುತ್ತದೆ. ಅದರಿಂದ ಹುಟ್ಟುವ ಹುಳ ಎಳ್ಳಿನ ಉದ್ದದ್ದು, ಬೆಳಕು ಕಂಡರೆ ಒಳಗೆ ಸರಿಯುತ್ತದೆ. ದೂಳಿನಲ್ಲಿ ಬಿದ್ದ ದೊಡ್ಡ ಚಿಗಟದ ಹಿಕ್ಕೆಯೇ ಅದಕ್ಕೆ ಊಟ, ಅಂದರೆ ಒಣಗಿದ ರಕ್ತ. ಆಮೇಲೆ ರೇಷ್ಮೆಹುಳದ ಹಾಗೆ ಗೂಡು ಕಟ್ಟುತ್ತದೆ. ಗೂಡಿಗೆ ಮಣ್ಣು ದೂಳು ಮೆತ್ತಿಕೊಂಡು ಕಣ್ಣಿಗೇ ಬೀಳುವುದಿಲ್ಲ. ಗೂಡಿನೊಳಗೆ ಬಲಿತ ಚಿಗಟ ಹೊರಗೆ ಬರಲು ಅವಸರ ಮಾಡುವುದಿಲ್ಲ. ಯಾರೂ ಬಾರದಿದ್ದರೆ ವಾರಗಟ್ಟಲೆ, ತಿಂಗಳುಗಟ್ಟಲೆ ಕಾಯುತ್ತದೆ. ಹೆಜ್ಜೆಯ ಅದುರು, ಮೈಯ ಬಿಸಿ, ಬಿಟ್ಟ ಉಸಿರು ತಾಗಿದ ಕೂಡಲೇ ಒಡೆದು ಹೊರಗೆ ಹಾರುತ್ತದೆ. ಬೀಗ ಹಾಕಿದ ಮನೆ ತೆರೆದವರ ಕಾಲಿಗೆ ಒಮ್ಮೆಗೇ ನೂರು ಚಿಗಟ ಹತ್ತುವುದು ಇದೇ ಕಾರಣಕ್ಕೆ. ನಾನು ಹೊಡೆದ ಔಷಧಿ ಗೂಡಿನ ಒಳಗೆ ಇಳಿದಿರಲಿಲ್ಲ. ಅಜ್ಜಿ ದಪದಪ ಹೆಜ್ಜೆ ಹಾಕಿದ್ದು ಅವುಗಳನ್ನು ಎಬ್ಬಿಸಲಿಕ್ಕೆ.

ಈ ಹುಳ ಮತ್ತು ಗೂಡು ಸಾಯುವುದು ಎರಡು ಕಡೆ: ಬಿಸಿಲಿನಲ್ಲಿ, ಒಣಗಿದ ಜಾಗದಲ್ಲಿ. ಬಯಲು ಅಂಗಳದ ನಡುವೆ ಚಿಗಟ ಬೆಳೆಯುವುದಿಲ್ಲ. ಅದು ಬೆಳೆಯುವುದು ಜಗಲಿಯ ಕೆಳಗೆ, ಮೆಟ್ಟಿಲ ಸಂದಿಯಲ್ಲಿ, ಕಟ್ಟಿಗೆ ರಾಶಿಯ ಹಿಂದೆ, ಕವುಚಿ ಇಟ್ಟ ದೋಣಿಯ ಅಡಿಗೆ. ಆದರೆ ವರ್ಷಕ್ಕೆ ಮೂರು ಸಾವಿರ ಮಿಲಿಮೀಟರಿನ ಹತ್ತಿರ ಮಳೆ ಬೀಳುವ, ನಾಲ್ಕು ತಿಂಗಳು ಬಟ್ಟೆಯೇ ಒಣಗದ ಕಾರವಾರದಲ್ಲಿ ಬಿಸಿಲು, ಒಣನೆಲ ಎರಡನ್ನೂ ಎಲ್ಲಿಂದ ತರುವುದು? ನಮ್ಮ ಊರಿನ ಹೆಂಗಸರ ಪದ್ಧತಿಗಳು ಈ ಕಷ್ಟದಿಂದ ಹುಟ್ಟಿದವು ಎಂದು ನನಗೆ ಅನಿಸುತ್ತದೆ.

ಮೀನುಗಾರರ ಮನೆಗಳಲ್ಲಿ ಈ ಕಷ್ಟದ ನಡುವೆ ಇದ್ದದ್ದು ಬಲೆ. ನಾನು ಹೇಳುತ್ತಿರುವುದು ರಂಪಣಿ ಬಲೆಯ ಕಾಲ. ದೋಣಿಯಲ್ಲಿ ಬಲೆಯ ಒಂದು ತುದಿ ಒಯ್ದು ಕಡಲಲ್ಲಿ ಅರ್ಧಚಂದ್ರ ಬಳಸಿ ಮತ್ತೆ ದಡಕ್ಕೆ ತಂದು, ಎರಡೂ ತುದಿಗಳಿಂದ ಎಳೆಯಬೇಕು. ಎಳೆಯಲು ಎಂಬತ್ತು ಜನರಾದರೂ ಬೇಕು. ಬಂಗಡೆ ಬಿದ್ದ ದಿನ ಊರಿಗೆ ಊರೇ ಹಗ್ಗ ಹಿಡಿಯುತ್ತಿತ್ತು. ಆ ಬಲೆ ಒಬ್ಬರದ್ದಲ್ಲ. ಒಂದೊಂದು ಮನೆಯ ಪಾಲಿಗೆ ಒಂದೊಂದು ತುಂಡು. ಹಂಗಾಮು ಶುರುವಾಗುವಾಗ ತುಂಡುಗಳನ್ನು ತಂದು ಒಂದಕ್ಕೊಂದು ಹೊಲಿದರೆ ರಂಪಣಿ. ನೈಲಾನು ಬರುವ ಮೊದಲು ಅವು ಸಣಬಿನವು, ಹತ್ತಿ ನೂಲಿನವು. ಕೊಳೆಯದಿರಲಿ ಎಂದು ಮರದ ತೊಗಟೆ ಕುದಿಸಿದ ಕಷಾಯದಲ್ಲಿ ಅದ್ದಿ ಒಣಗಿಸುತ್ತಿದ್ದರು. ಜೂನಿನಲ್ಲಿ ಕಡಲು ಕೆದರಿದ ಮೇಲೆ ಪ್ರತಿ ಮನೆ ತನ್ನ ತುಂಡನ್ನು ಮಡಿಸಿ ಮಡಲಿನ ಮಾಡಿನೊಳಗೆ ಒಟ್ಟುತ್ತಿತ್ತು.

ಈಗ ನಾಯಿಯ ಕಣ್ಣಿನಿಂದ ನೋಡಿ. ಹೊರಗೆ ಹಗಲಿರುಳು ಮಳೆ. ಒಳಗೆ ಮೆತ್ತಗಿನ, ಬೆಚ್ಚಗಿನ, ಮೀನಿನ ವಾಸನೆಯ ರಾಶಿ. ಊರಿನ ನಾಯಿ, ಬೆಕ್ಕು ಎಲ್ಲವೂ ಎರಡು ತಿಂಗಳು ಆ ಬಲೆಯ ಮೇಲೆಯೇ ಮಲಗುತ್ತಿದ್ದವು. ಮೊಟ್ಟೆ ಉದುರಿ ಕಣ್ಣಿಯ ಸಂದಿಯಲ್ಲಿ ಇಳಿಯುತ್ತಿತ್ತು, ಕತ್ತಲು ಮತ್ತು ತೇವ ಬೇಕಾದಷ್ಟು ಇತ್ತು. ಶ್ರಾವಣದ ಹೊತ್ತಿಗೆ ಗೂಡುಗಳು ಬಲಿತು ಕಾಯುತ್ತಿದ್ದವು. ಹಾಗೆಯೇ ಎತ್ತಿ ತಂದು ಹೊಲಿದುಬಿಟ್ಟರೆ ಒಂದು ಮನೆಯ ಚಿಗಟ ಇಡೀ ಕೇರಿಗೆ ಹಬ್ಬುತ್ತಿತ್ತು. ಅದಕ್ಕೇ ಚಿಗಟವಿರುವ ತುಂಡನ್ನು ತಂದವರ ಮನೆಯ ಹೆಂಗಸಿಗೆ ಕೇರಿಯಲ್ಲಿ ಮಾತು ಕೇಳಬೇಕಾಗುತ್ತಿತ್ತು. ಬಲೆ ಗಂಡಸರದ್ದು, ಮಾತು ಹೆಂಗಸಿಗೆ. ಇದು ನ್ಯಾಯವಾಗಿರಲಿಲ್ಲ ಎಂದು ಈಗ ಅನಿಸುತ್ತದೆ.

ಅಜ್ಜಿ ಮೂರು ಸಲ ಒಳಹೊಕ್ಕು ಬಂದಮೇಲೆ ಗಂಡಸರು ಬಲೆಯನ್ನು ಹೊತ್ತು ದಂಡೆಗೆ ಒಯ್ಯುತ್ತಿದ್ದರು. ಶ್ರಾವಣದ ಬಿಸಿಲು ನಂಬಿಕೆಯದ್ದಲ್ಲ, ಒಂದು ಗಂಟೆ ಬಿದ್ದರೆ ಎರಡು ಗಂಟೆ ಮೋಡ. ಆದರೂ ಸಿಕ್ಕ ಬಿಸಿಲಿಗೆ ಬಲೆಯನ್ನು ಮರಳಿನ ಮೇಲೆ ತೆಳ್ಳಗೆ ಹರಡಿ, ಮಗುಚಿ, ಕೊಡವಿ, ಮತ್ತೆ ಜಾಗ ಬದಲಿಸಿ ಹರಡುವುದು. ನಿಜವಾದ ಕೆಲಸ ನಡೆಯುವುದು ಅಕ್ಟೋಬರಿನ ಬಿಸಿಲಿಗೆ. ಆ ಬಿಸಿಲಿನಲ್ಲಿ ಮಧ್ಯಾಹ್ನ ದಂಡೆಯ ಮರಳಿನ ಮೇಲೆ ನಾವು ಬರಿಗಾಲಲ್ಲಿ ನಿಲ್ಲಲಾರದೆ ಕುಣಿಯುತ್ತಿದ್ದೆವು. ಚಾಪೆ, ಕಂಬಳಿ, ಕೌದಿ ಎಲ್ಲವೂ ಆಗ ದಂಡೆಗೆ ಬರುತ್ತಿದ್ದವು. ಹರಡುವಾಗ ಅಂಚಿನ ಸುತ್ತ ಎರಡು ಮೊಳ ಬರಿ ಮರಳು ಬಿಡಬೇಕು ಎಂಬುದು ಅಜ್ಜಿಯ ಕಟ್ಟಪ್ಪಣೆ. ಹುಲ್ಲಿನ ಹತ್ತಿರ ಹರಡಿದರೆ ಚಿಗಟ ಹುಲ್ಲಿಗೆ ಹಾರಿ ಬದುಕುತ್ತದೆ, ಮರಳಿಗೆ ಹಾರಿದರೆ ಅಲ್ಲೇ ಬೇಯುತ್ತದೆ.

ಮರಳಿನ ಈ ಮಾತಿಗೆ ಸರ್ಕಾರಿ ವಿಜ್ಞಾನವೂ ಬಂದು ಸೇರಿದ್ದು ನನಗೆ ತಿಳಿದದ್ದು ಬಹಳ ತಡವಾಗಿ. ಅದನ್ನು ಹೇಳಬೇಕಾದರೆ ಪ್ಲೇಗಿನ ಕತೆ ಹೇಳಬೇಕು.

ಅಜ್ಜಿ ತಾನು ಹುಟ್ಟಿದ್ದು ‘ಇಲಿ ಬಿದ್ದ ಕಾಲ’ದಲ್ಲಿ ಎನ್ನುತ್ತಿದ್ದಳು. 1896ರ ಸೆಪ್ಟೆಂಬರಿನಲ್ಲಿ ಮುಂಬಯಿಯ ಹಡಗುಕಟ್ಟೆಯ ಪಕ್ಕದ ಮಾಂಡವಿಯಲ್ಲಿ ಜನ ಗಂಟುಜ್ವರದಿಂದ ಸಾಯತೊಡಗಿದರು. ಅದು ಪ್ಲೇಗು ಎಂದು ಗುರುತಿಸಿದವರು ನಮ್ಮ ನೆರೆಯ ಗೋವೆಯಲ್ಲಿ ಹುಟ್ಟಿದ ವೈದ್ಯ ಅಕಾಸಿಯೊ ಗೇಬ್ರಿಯಲ್ ವಿಯೇಗಸ್. ಲಕ್ಷಗಟ್ಟಲೆ ಜನ ಮುಂಬಯಿ ಬಿಟ್ಟು ತಮ್ಮ ತಮ್ಮ ಊರಿಗೆ ಓಡಿದರು. ಉತ್ತರ ಕನ್ನಡ 1862ರಿಂದ ಮುಂಬಯಿ ಪ್ರಾಂತಕ್ಕೆ ಸೇರಿತ್ತು. ನಮ್ಮ ಕರಾವಳಿಯವರಿಗೆ ಕೆಲಸ, ಕೋರ್ಟು, ಆಸ್ಪತ್ರೆ ಎಲ್ಲಕ್ಕೂ ಮುಂಬಯಿಯೇ ದೊಡ್ಡೂರು. ಹೋಗಿ ಬರುವುದು ಆಗಬೋಟಿಯಲ್ಲಿ, ಇಲ್ಲವೇ ಹಾಯಿಯ ಮಚವೆಯಲ್ಲಿ. ಅಜ್ಜಿಯ ಅಪ್ಪ ಆಗ ಮುಂಬಯಿಯ ಹಡಗುಕಟ್ಟೆಯಲ್ಲಿ ಮೂಟೆ ಹೊರುತ್ತಿದ್ದನಂತೆ. ಆ ಚಳಿಗಾಲ ಮಚವೆ ಹತ್ತಿ ಬೈತಖೋಲಕ್ಕೆ ಬಂದವನನ್ನು ಮನೆಯವರು ಮೂರು ದಿನ ಮನೆಗೆ ಸೇರಿಸಲಿಲ್ಲ. ದಂಡೆಯ ಮೇಲೆ ಮಡಲಿನ ಮರೆ ಕಟ್ಟಿಕೊಟ್ಟು, ಅವನು ತಂದ ಬಟ್ಟೆಯ ಗಂಟನ್ನು ಬಿಚ್ಚಿ ಮರಳಿನ ಮೇಲೆ ಹರಡಿಸಿದರು. ಅವನ ತಾಯಿ ದೂರದಿಂದ ಗಂಜಿಯ ಪಾತ್ರೆ ಇಟ್ಟು ಅಳುತ್ತ ಹಿಂದೆ ಸರಿಯುತ್ತಿದ್ದಳಂತೆ. ಅವನು ಬದುಕಿದ. ಮುಂದಿನ ವರ್ಷ ಅಜ್ಜಿ ಹುಟ್ಟಿದಳು. ಇದು ನಮ್ಮ ಮನೆಯಲ್ಲಿ ಬಾಯಿಂದ ಬಾಯಿಗೆ ಬಂದ ಕತೆ. ಆ ಮನೆಯವರಿಗೆ ಪ್ಲೇಗಿನ ಗುಟ್ಟು ತಿಳಿದಿತ್ತೆಂದು ನಾನು ಹೇಳುವುದಿಲ್ಲ. ಬೇರೆ ಕಡೆಯಿಂದ ಬಂದ ಬಟ್ಟೆಯನ್ನು ಬಲೆಯ ಹಾಗೆ ಒಣಗಿಸಬೇಕು ಎನ್ನುವುದಷ್ಟೇ ಅವರ ಕೈಗೆ ಗೊತ್ತಿತ್ತು.

ಆಗ ಸರ್ಕಾರಕ್ಕೂ ಗುಟ್ಟು ತಿಳಿದಿರಲಿಲ್ಲ. 1897ರ ಫೆಬ್ರವರಿಯಲ್ಲಿ ಸಾಂಕ್ರಾಮಿಕ ರೋಗಗಳ ಕಾಯ್ದೆ ಬಂತು. ಮನೆಗಳಿಗೆ ನುಗ್ಗಿ ಕಾರ್ಬಾಲಿಕ್ ನೀರು ಹೊಡೆಯುವುದು, ಮಣ್ಣಿನ ನೆಲ ಅಗೆಯುವುದು, ಬೆಳಕು ಬೀಳಲೆಂದು ಹಂಚು ಕೀಳುವುದು, ಹಾಸಿಗೆ ಬಟ್ಟೆ ಸುಡುವುದು. ಪುಣೆಯಲ್ಲಿ ಈ ಜುಲುಮೆಗೆ ರೊಚ್ಚಿಗೆದ್ದ ಚಾಫೇಕರ ಸಹೋದರರು ಜೂನಿನಲ್ಲಿ ಅಲ್ಲಿನ ಪ್ಲೇಗು ಅಧಿಕಾರಿ ರ‍್ಯಾಂಡ್ ಸಾಹೇಬನಿಗೆ ಗುಂಡು ಹೊಡೆದರು. 1898ರಲ್ಲಿ ರೋಗ ಧಾರವಾಡ ಹುಬ್ಬಳ್ಳಿಗೆ ಬಂತು, ಅದೇ ವರ್ಷ ಬೆಂಗಳೂರಿಗೂ ಮುಟ್ಟಿತು. ಹುಬ್ಬಳ್ಳಿಯಲ್ಲಿ ಹಾಫ್‌ಕಿನ್ನರ ಪ್ಲೇಗು ಲಸಿಕೆಯನ್ನು ಸಾವಿರ ಸಾವಿರ ಜನರಿಗೆ ಚುಚ್ಚಿದರು. ಬೆಂಗಳೂರಿನವರು ಪ್ಲೇಗಮ್ಮನ ಗುಡಿ ಕಟ್ಟಿದರು. ಇಲಿ ಬಿತ್ತು ಎಂದರೆ ಸಾಕು, ಜನ ಪಾತ್ರೆ ಪಡಗ ಹೊತ್ತು ಊರ ಹೊರಗೆ ಗುಡಿಸಲು ಹಾಕುತ್ತಿದ್ದರು. ಆ ಮಾತಿನಲ್ಲಿ ಅರ್ಧ ಸತ್ಯ ಇತ್ತು. ಇಲಿ ಸಾಯುತ್ತದೆ, ಆಮೇಲೆ ಮನುಷ್ಯ ಸಾಯುತ್ತಾನೆ ಎಂಬುದನ್ನು ಜನ ಕಣ್ಣಾರೆ ಕಂಡಿದ್ದರು. ಇಲಿಯಿಂದ ಮನುಷ್ಯನ ತನಕ ರೋಗ ಹೊತ್ತು ತರುವುದು ಯಾರು ಎಂಬುದು ಮಾತ್ರ ಕಂಡಿರಲಿಲ್ಲ.

ಅದನ್ನು 1898ರಲ್ಲಿ ಕರಾಚಿಯಲ್ಲಿ ಹೇಳಿದವನು ಪೌಲ್ ಲೂಯಿ ಸಿಮೊಂಡ್ ಎಂಬ ಫ್ರೆಂಚ್ ವೈದ್ಯ: ಸತ್ತ ಇಲಿಯ ಮೈ ತಣ್ಣಗಾದಾಗ ಅದರ ಚಿಗಟ ಬೇರೆ ಮೈ ಹುಡುಕಿಕೊಂಡು ಹೋಗುತ್ತದೆ, ರೋಗವೂ ಅದರ ಜೊತೆಗೇ ಹೋಗುತ್ತದೆ. ಯಾರೂ ನಂಬಲಿಲ್ಲ. ಕೆಲವು ವರ್ಷಗಳ ನಂತರ ಮುಂಬಯಿಯಲ್ಲಿ ಗ್ಲೆನ್ ಲಿಸ್ಟನ್ ಪ್ಲೇಗು ಬಿದ್ದ ಚಾಳುಗಳಲ್ಲಿ ಗಿನಿಯಿಲಿಗಳನ್ನು ಬಿಟ್ಟು ನೋಡಿದರು. ಅವುಗಳ ಮೈತುಂಬ ಇಲಿಯ ಚಿಗಟ ಹತ್ತಿತ್ತು, ಅವು ಪ್ಲೇಗಿನಿಂದಲೇ ಸತ್ತವು. 1905ರಿಂದ ಪ್ಲೇಗ್ ಆಯೋಗ ಇದನ್ನು ಸಾಬೀತುಮಾಡಿತು. ನೆಲದ ಮೇಲಿಟ್ಟ ಪ್ರಾಣಿಗೆ ರೋಗ ಬಂತು, ಚಿಗಟದ ಹಾರಿಕೆಗೆ ನಿಲುಕದಷ್ಟು ಎತ್ತರದಲ್ಲಿ ತೂಗುಹಾಕಿದ ಪಂಜರದ ಪ್ರಾಣಿಗೆ ಬರಲಿಲ್ಲ. ಇದನ್ನು ಮೊದಲ ಸಲ ಓದಿದಾಗ ನನ್ನ ಕಣ್ಣ ಮುಂದೆ ಬಂದದ್ದು ಬಿಳಿ ಪಟ್ಟಿ ಸುತ್ತಿದ ಅಜ್ಜಿಯ ಕಾಲು. ಲಿಸ್ಟನ್ ಸಾಹೇಬರು ಗಿನಿಯಿಲಿಯನ್ನು ಕಳಿಸಿದ ಜಾಗಕ್ಕೆ ಅವಳು ತನ್ನ ಕಾಲನ್ನೇ ಕಳಿಸುತ್ತಿದ್ದಳು.

1911ರಲ್ಲಿ ಕನಿಂಗ್‌ಹ್ಯಾಮ್ ಎಂಬ ಸೈನ್ಯದ ವೈದ್ಯರು ಬಿಸಿಲಿಗೆ ಚಿಗಟ ಸಾಯುವ ಬಗ್ಗೆಯೇ ಒಂದು ವರದಿ ಬರೆದರು. ಬಿಸಿಲಿಗೆ ಕಾದ ನೆಲದಲ್ಲಿ ಬಟ್ಟೆಯನ್ನು ಹರಡಿದರೆ ಅದರಲ್ಲಿರುವ ಚಿಗಟ ಸಾಯುತ್ತದೆ. ಸುಡಬೇಕಾಗಿಲ್ಲ, ಔಷಧಿ ಬೇಕಾಗಿಲ್ಲ. ಬಡವನ ಕಂಬಳಿಯನ್ನು ಸುಟ್ಟುಹಾಕಿದ ಹದಿನಾಲ್ಕು ವರ್ಷಗಳ ನಂತರ ಬಂದ ಬುದ್ಧಿ ಇದು. ಈ ಮಾತನ್ನು ಬಿಟ್ಟು ಮುಂದೆ ಹೋಗಲು ನನಗೆ ಮನಸ್ಸು ಬರುವುದಿಲ್ಲ. ಕಂಬಳಿ ಒಂದೇ ಇದ್ದ ಮನೆಯಲ್ಲಿ ಅದನ್ನು ಬೆಂಕಿಗೆ ಹಾಕುವುದನ್ನು ನಿಂತು ನೋಡಿದ ಹೆಂಗಸರನ್ನು ನಾನು ಯೋಚಿಸುತ್ತೇನೆ. ಮರಳು ಆಗಲೂ ಇತ್ತು, ಬಿಸಿಲು ಆಗಲೂ ಇತ್ತು.

ಇಲ್ಲಿ ಒಂದು ಮಾತು ಬಿಡಿಸಿ ಹೇಳಬೇಕು, ಇಲ್ಲದಿದ್ದರೆ ಓದಿದವರಿಗೆ ಸುಮ್ಮನೆ ಹೆದರಿಕೆ. ಪ್ಲೇಗು ಹೊತ್ತದ್ದು ಇಲಿಯ ಚಿಗಟ. ಅಂಗಳದಲ್ಲಿ ನಮ್ಮ ಕಾಲಿಗೆ ಹತ್ತುವುದು ನಾಯಿ, ಬೆಕ್ಕಿನ ಚಿಗಟ, ಅದರ ಜಾತಿಯೇ ಬೇರೆ. ಕನ್ನಡದಲ್ಲಿ ಎಲ್ಲಕ್ಕೂ ಚಿಗಟ ಎನ್ನುತ್ತೇವೆ. ಹಾಗೆಯೇ ನಮ್ಮ ಜಿಲ್ಲೆಯಲ್ಲಿ ಮಂಗನ ಕಾಯಿಲೆಯ ಹೆದರಿಕೆ ಇರುವುದರಿಂದ ಕಚ್ಚಿದ್ದೆಲ್ಲ ಉಣ್ಣಿ ಎಂದುಕೊಳ್ಳುವವರೂ ಇದ್ದಾರೆ. 1957ರಲ್ಲಿ ಸೊರಬ ತಾಲೂಕಿನ ಕ್ಯಾಸನೂರು ಕಾಡಿನಲ್ಲಿ ಗುರುತಿಸಿದ ಆ ರೋಗ ಹರಡುವುದು ಉಣ್ಣಿಯಿಂದ. ಉಣ್ಣಿ ಹರಿಯುತ್ತದೆ, ಕಚ್ಚಿ ಹಿಡಿದುಕೊಳ್ಳುತ್ತದೆ. ಚಿಗಟ ಹಾರುತ್ತದೆ. ಶಾಲೆಯಲ್ಲಿ ಮಕ್ಕಳಿಗೆ ನಾನು ಇದನ್ನು ಹೀಗೆಯೇ ಹೇಳಿಕೊಡುತ್ತಿದ್ದೆ.

ಅಂಗಳದ ಕೆಲಸಕ್ಕೆ ಬರುತ್ತೇನೆ. ಮಳೆಗಾಲದಲ್ಲಿ ಅಂಗಳ ಕೊಚ್ಚಿ ಹೋಗದಿರಲಿ ಎಂದು ನಮ್ಮ ಕಡೆ ತೆಂಗಿನ ಮಡಲು, ಸೋಗೆ ಹಾಸುತ್ತಾರೆ. ದೀಪಾವಳಿಯ ಮುಂಚೆ ಕೊಳೆತ ಮಡಲು ಎತ್ತಿ, ಪಾಚಿ ಕೆತ್ತಿ, ಹೊಸ ಕೆಂಪು ಮಣ್ಣು ಹಾಕಿ, ನೀರು ಚಿಮುಕಿಸಿ, ಮರದ ಮಣೆಯಿಂದ ಬಡಿದು ಗಟ್ಟಿ ಮಾಡುವುದು. ಎಷ್ಟು ಗಟ್ಟಿ ಎಂದರೆ ಬತ್ತ ಬಡಿದರೆ ಕಾಳಿಗೆ ಮಣ್ಣು ಹತ್ತಬಾರದು. ಆಮೇಲೆ ಸಗಣಿಗೆ ಮಸಿ ಕಲಸಿ ಸಾರಿಸುವುದು. ನನ್ನ ಕಾಲಕ್ಕೆ ಮುಗಿದ ಬ್ಯಾಟರಿ ಸೆಲ್ಲನ್ನು ಒಡೆದು ಅದರ ಕಪ್ಪು ಪುಡಿಯನ್ನೂ ಹಾಕುತ್ತಿದ್ದರು, ಕರ‍್ರಗೆ ಕನ್ನಡಿಯ ಹಾಗೆ ಹೊಳೆಯುತ್ತಿತ್ತು. ತುಳಸಿ ಲಗ್ನದ ಹೊತ್ತಿಗೆ ಅಂಗಳ ಸಿದ್ಧವಾಗಿರಬೇಕು.

ಸಗಣಿಯಲ್ಲಿ ಚಿಗಟ ಕೊಲ್ಲುವ ಶಕ್ತಿ ಇದೆ ಎಂದು ಕೆಲವರು ಹೇಳುತ್ತಾರೆ. ನಾನು ಅದನ್ನು ಒಪ್ಪುವುದಿಲ್ಲ. ಕೆಲಸ ಮಾಡಿದ್ದು ಕೆತ್ತುವುದು ಮತ್ತು ಬಡಿಯುವುದು. ಹುಳ ಇರುವುದು ಸಡಿಲ ದೂಳಿನಲ್ಲಿ, ಬಿರುಕಿನಲ್ಲಿ, ಕೊಳೆತ ಎಲೆಯ ಅಡಿಗೆ. ಮೇಲಿನ ಮಣ್ಣನ್ನೇ ಕೆತ್ತಿ ತೆಗೆದರೆ ಮೊಟ್ಟೆ, ಹುಳ, ಗೂಡು ಎಲ್ಲವೂ ಬುಟ್ಟಿಯಲ್ಲಿ ಹೊರಗೆ ಹೋಗುತ್ತವೆ. ಬಡಿದು ಸಾರಿಸಿದ ನೆಲದಲ್ಲಿ ಬಿರುಕು ಉಳಿಯುವುದಿಲ್ಲ, ದೂಳು ಏಳುವುದಿಲ್ಲ. ಸಗಣಿ ಅಲ್ಲಿ ಬರೀ ಗಾರೆ. ಕೊಟ್ಟಿಗೆಯಲ್ಲಿ ಹಸಿ ಸಗಣಿಯನ್ನು ರಾಶಿ ಬಿಟ್ಟರೆ ಅದರ ಪಕ್ಕದ ತೇವದಲ್ಲೇ ಚಿಗಟ ಬೆಳೆಯುವುದನ್ನು ನಾನು ನೋಡಿದ್ದೇನೆ.

ಸುಣ್ಣದ ಮಾತು ಬೇರೆ. ನಮ್ಮ ಸುಣ್ಣ ಕಲ್ಲಿನದ್ದಲ್ಲ, ಕಾಳಿ ನದಿಯ ಅಳಿವೆಯ ಚಿಪ್ಪಿನದ್ದು. ಚಿಪ್ಪಿನ ಒಳಗಿನದ್ದು ತಿಂದು ಮುಗಿದಮೇಲೆ ಚಿಪ್ಪು ಸುಣ್ಣದ ಗೂಡಿಗೆ ಹೋಗುತ್ತಿತ್ತು. ಅಜ್ಜಿ ಗೋಡೆಯ ಬುಡಕ್ಕೆ ಒಂದು ಮೊಳ ಎತ್ತರ ಸುಣ್ಣ ಬಳಿದು, ಮೆಟ್ಟಿಲ ಸಂದಿಗೆ ಒಣ ಪುಡಿ ಉದುರಿಸುತ್ತಿದ್ದಳು. ಒಣ ಸುಣ್ಣ ಹುಳದ ಮೈಯ ನೀರು ಹೀರುತ್ತದೆ. ಉಪ್ಪೂ ಹಾಗೆಯೇ, ಆದರೆ ಉಪ್ಪನ್ನು ಎಲ್ಲರೂ ತಪ್ಪು ಕಾಲದಲ್ಲಿ ಹಾಕುತ್ತಾರೆ. ಮಳೆಗಾಲದಲ್ಲಿ ನಮ್ಮ ಗಾಳಿಗೆ ಉಪ್ಪು ತಾನೇ ನೀರಾಗಿ ನೆಲವನ್ನು ಇನ್ನೂ ತೇವ ಮಾಡುತ್ತದೆ. ಮಾಘ, ಫಾಲ್ಗುಣದಲ್ಲಿ ಹಾಕಿದರೆ ಮಾತ್ರ ಪ್ರಯೋಜನ. ಅಜ್ಜಿ ಹಾಕುತ್ತಿದ್ದದ್ದು ಮೀನು ಉಪ್ಪು ಮಾಡಿ ಉಳಿದ ಕೊಳಕು ಉಪ್ಪು. ಸಾಣಿಕಟ್ಟೆಯ ಒಳ್ಳೆಯ ಉಪ್ಪನ್ನು ನೆಲಕ್ಕೆ ಚೆಲ್ಲುವುದು ಅವಳಿಗೆ ಪಾಪ. 1930ರ ಏಪ್ರಿಲಿನಲ್ಲಿ ಅಂಕೋಲೆಯಲ್ಲಿ ಎಂ. ಪಿ. ನಾಡಕರ್ಣಿಯವರು ಉಪ್ಪಿನ ಕಾಯ್ದೆ ಮುರಿದಾಗ ಅವಳಿಗೆ ಮೂವತ್ತು ದಾಟಿತ್ತು. ಉಪ್ಪಿಗೆ ತೆರಿಗೆ ಕೊಟ್ಟ ಕೈ ಅದು.

ನಾಯಿಯನ್ನು ಸಮುದ್ರದಲ್ಲಿ ಮೀಯಿಸುವುದು ನಮ್ಮ, ಅಂದರೆ ಮಕ್ಕಳ, ಕೆಲಸ. ನೀರು ಏರಿದ ಹಾಗೆ ಚಿಗಟಗಳು ಬೆನ್ನಿಗೆ, ಕುತ್ತಿಗೆಗೆ, ಕೊನೆಗೆ ಕಿವಿಗೆ ಓಡುತ್ತಿದ್ದವು. ದಡಕ್ಕೆ ಬಂದು ನಾಯಿ ಕೊಡವಿತೆಂದರೆ ಅರ್ಧ ನಮ್ಮ ಮೇಲೆ. ಈ ಒಂದು ವಿಷಯದಲ್ಲಿ ಹಳೆಯದು ಸೋತಿತ್ತು ಎಂದು ಒಪ್ಪಿಕೊಳ್ಳಬೇಕು. ಪ್ರಾಣಿಯ ಮೈಮೇಲಿನ ಚಿಗಟಕ್ಕೆ ಅಜ್ಜಿಯ ಹತ್ತಿರ ಗಟ್ಟಿ ಉಪಾಯ ಇರಲಿಲ್ಲ. ಸೀತಾಫಲದ ಬೀಜ ಅರೆದು ಹಚ್ಚುತ್ತಿದ್ದಳು, ಅದು ಹುಳವನ್ನು ಕೊಲ್ಲುವುದು ನಿಜ. ಆದರೆ ಒಮ್ಮೆ ಅರೆದ ಕೈಯಿಂದ ತಮ್ಮ ಕಣ್ಣುಜ್ಜಿಕೊಂಡು ಎಂಟು ದಿನ ಕಣ್ಣು ಬಿಡಲಿಲ್ಲ. ಆಮೇಲೆ ಆ ಬೀಜ ನಮ್ಮ ಮನೆಯಲ್ಲಿ ಅರೆಯಲಿಲ್ಲ. ಬೇವಿನ ಹೊಗೆ, ಲಕ್ಕಿ ಸೊಪ್ಪಿನ ಹೊಗೆ ಹಾಕಿದಾಗ ಹಾರುವ ಚಿಗಟ ಸರಿಯುತ್ತಿತ್ತು, ಗೂಡಿಗೆ ಏನೂ ಆಗುತ್ತಿರಲಿಲ್ಲ.

ಇದೆಲ್ಲ ನಡೆಯುತ್ತಿರುವಾಗ ಡಿಡಿಟಿ ಬಂತು. ಅದರ ಇತಿಹಾಸದಲ್ಲಿ ನಮ್ಮ ಜಿಲ್ಲೆಗೆ ದೊಡ್ಡ ಜಾಗ ಇದೆ, ಅದು ಇಲ್ಲಿಯವರಿಗೇ ಮರೆತುಹೋಗಿದೆ. ಸ್ವಿಸ್ ರಸಾಯನಶಾಸ್ತ್ರಜ್ಞ ಪೌಲ್ ಮ್ಯುಲ್ಲರ್ 1939ರಲ್ಲಿ ಅದರ ಕೀಟ ಕೊಲ್ಲುವ ಗುಣ ಕಂಡರು. ಯುದ್ಧ ಮುಗಿದ ಮರುವರ್ಷ, 1946ರಲ್ಲಿ, ಮುಂಬಯಿ ಪ್ರಾಂತದ ಡಾ. ಡಿ. ಕೆ. ವಿಶ್ವನಾಥನ್ ಮಲೇರಿಯಾ ಹತೋಟಿಗೆಂದು ಮನೆಯ ಗೋಡೆಗಳಿಗೆ ಡಿಡಿಟಿ ಹೊಡೆಸುವ ದೊಡ್ಡ ಕೆಲಸ ಕೈಗೆತ್ತಿಕೊಂಡದ್ದು ಉತ್ತರ ಕನ್ನಡ ಮತ್ತು ಧಾರವಾಡ ಜಿಲ್ಲೆಗಳಲ್ಲಿ. ಜ್ವರಕ್ಕೆ ಹೆದರಿ ಜನ ಊರು ಬಿಡುತ್ತಿದ್ದ ಸೂಪಾ, ಹಳಿಯಾಳ, ಯಲ್ಲಾಪುರದ ಕಾಡಿನ ಜಿಲ್ಲೆ ಇದು. ಇಲ್ಲಿ ಕಂಡ ಫಲ ಮುಂದೆ 1953ರ ರಾಷ್ಟ್ರೀಯ ಮಲೇರಿಯಾ ನಿಯಂತ್ರಣ ಕಾರ್ಯಕ್ರಮಕ್ಕೆ ದಾರಿ ತೋರಿಸಿತು.

ನನಗೆ ನೆನಪಿರುವುದು ಅರುವತ್ತರ ಆಸುಪಾಸು. ಖಾಕಿ ಚಡ್ಡಿಯವರು ಹೆಗಲಿಗೆ ಪಂಪು ಹಾಕಿಕೊಂಡು ಬರುತ್ತಿದ್ದರು. ಪಾತ್ರೆ, ಹಾಸಿಗೆ ಎಲ್ಲ ಅಂಗಳಕ್ಕೆ. ಗೋಡೆಗೆ ಹಿಟ್ಟಿನಂಥ ಬಿಳಿ ಪದರ ಹತ್ತುತ್ತಿತ್ತು, ಬಾಗಿಲ ಪಕ್ಕ ತಾರೀಖು ಬರೆದು ಹೋಗುತ್ತಿದ್ದರು. ಅವರು ಬಂದದ್ದು ಸೊಳ್ಳೆಗೆ. ಅಜ್ಜಿ ಅವರಿಗೆ ಚಹಾ ಕೊಟ್ಟು, ಬಲೆಯ ಮಾಡಿಗೂ ಒಂದು ಕೈ ಹೊಡೆಯಿರಿ ಅಪ್ಪಾ ಎಂದು ಕೇಳಿಕೊಳ್ಳುತ್ತಿದ್ದಳು. ಮೊದಲ ಒಂದೆರಡು ವರ್ಷ ತಿಗಣೆ ಇಲ್ಲ, ಚಿಗಟ ಇಲ್ಲ. ಅವಳು ಬಿಳಿ ಪಟ್ಟಿಯನ್ನು ಮಡಿಸಿ ಪೆಟ್ಟಿಗೆಯಲ್ಲಿ ಇಟ್ಟಳು. ನನ್ನ ತಾಯಿ ಆ ಪಟ್ಟಿ ಸುತ್ತಿಕೊಳ್ಳುವುದನ್ನು ಕಲಿಯಲೇ ಇಲ್ಲ. ಕೆಲವು ವರ್ಷಗಳಲ್ಲಿ ಅದೇ ಡಿಡಿಟಿಗೆ ತಿಗಣೆ, ಚಿಗಟ ಎರಡೂ ಹೊಂದಿಕೊಂಡವು. 1989ರಲ್ಲಿ ನಮ್ಮ ದೇಶ ಹೊಲಗದ್ದೆಗೆ ಅದನ್ನು ಬಳಸುವುದನ್ನು ನಿಷೇಧಿಸಿತು. ಔಷಧಿ ಸೋತಮೇಲೆ ಪಟ್ಟಿಗೆ ಮರಳಲು ಗೊತ್ತಿದ್ದವರು ಉಳಿದಿರಲಿಲ್ಲ.

ಬಲೆಯೂ ಬದಲಾಯಿತು. ನೈಲಾನು ತೇವ ಹಿಡಿಯುವುದಿಲ್ಲ, ನಾಯಿಗೂ ಅದು ಮೆತ್ತಗಿನ ಹಾಸಿಗೆಯಲ್ಲ. ಎಪ್ಪತ್ತರ ದಶಕದ ಮಧ್ಯದಿಂದ ಯಂತ್ರದ ಪರ್ಸೀನ್ ಬೋಟುಗಳು ಬಂದು ರಂಪಣಿಯೇ ಮೂಲೆ ಸೇರಿತು. ಬೈತಖೋಲದಲ್ಲಿ ಮೀನುಗಾರಿಕೆ ಬಂದರು ಬೆಳೆಯಿತು, ಜೆಟ್ಟಿ ಬಂತು, ಬಲೆ ಹರಡುತ್ತಿದ್ದ ಮರಳು ಕಾಂಕ್ರೀಟಿನ ಕೆಳಗೆ ಹೋಯಿತು. ದಕ್ಷಿಣಕ್ಕೆ ಅರಗಾ, ಬಿಣಗಾ ಕಡೆಯ ದಂಡೆ 1986ರಲ್ಲಿ ಅಡಿಗಲ್ಲು ಹಾಕಿದ ಸೀಬರ್ಡ್ ನೌಕಾನೆಲೆಗೆ ಸೇರಿತು. ಅಲ್ಲಿಂದ ಎದ್ದ ಬಂಧುಗಳ ಹೊಸ ಮನೆಗಳಿಗೆ ಅಂಗಳ ಎಂದರೆ ಗೇಟಿನಿಂದ ಬಾಗಿಲಿಗೆ ಆರು ಹೆಜ್ಜೆ. ನನ್ನ ಅಂಗಳಕ್ಕೂ ಹತ್ತು ವರ್ಷಗಳ ಹಿಂದೆ ಇಂಟರ್‌ಲಾಕ್ ಇಟ್ಟಿಗೆ ಹಾಕಿಸಿದೆ. ಚೊಕ್ಕ ಕಾಣುತ್ತದೆ. ಇಟ್ಟಿಗೆ ಇಟ್ಟಿಗೆಯ ನಡುವೆ ಬೆರಳು ತೂರದ, ಹಿಡಿಕಡ್ಡಿಯೂ ಮುಟ್ಟದ ಸಂದಿ. ಅದರೊಳಗೆ ದೂಳು, ತೇವ, ಕತ್ತಲು. ಅಜ್ಜಿ ಬಡಿದು ಮುಚ್ಚುತ್ತಿದ್ದ ಬಿರುಕನ್ನು ನಾನು ಹಣ ಕೊಟ್ಟು ಮಾಡಿಸಿದ್ದೆ.

ಅಕ್ಟೋಬರಿನಲ್ಲಿ ನಾನು ಮಾಡಿದ್ದು ಇಷ್ಟು. ಮಾಡಿನೊಳಗಿನದ್ದೆಲ್ಲ ಹೊರಗೆ ಎಳೆಸಿ, ಗೋಣಿ, ಹಳೆ ಚಾಪೆ ಎಲ್ಲ ಕುದಿನೀರಿಗೆ ಹಾಕಿದೆ. ಮಾಡಿನ ನೆಲವನ್ನು ಎರಡು ಬೆರಳು ಆಳ ಕೆತ್ತಿಸಿ ಮಣ್ಣನ್ನು ಚೀಲ ಕಟ್ಟಿ ಸಾಗಿಸಿದೆ. ಮೇಲಿನ ಎರಡು ತಗಡು ತೆಗೆಸಿ ಹದಿನೈದು ದಿನ ಬಿಸಿಲು ಬಿಟ್ಟೆ. ಇಟ್ಟಿಗೆಯ ಸಂದಿಗೆ ಒಣ ಸುಣ್ಣ ತುಂಬಿದೆ. ಮರಿಗಳ ತಾಯಿಯನ್ನು ಕೇರಿಯ ಹುಡುಗರು ಹುಡುಕಿ ಹಿಡಿದರು. ಪಶುವೈದ್ಯರನ್ನು ಕೇಳಿ ಅದರ ಬೆನ್ನಿಗೆ ಔಷಧಿಯ ಹನಿ ಹಾಕಿಸಿದೆ. ಅಜ್ಜಿಯ ಹತ್ತಿರ ಇಲ್ಲದಿದ್ದ ಉಪಾಯ ಇದು, ಇದನ್ನು ಬಿಟ್ಟರೆ ಉಳಿದ ಶ್ರಮವೆಲ್ಲ ವ್ಯರ್ಥ. ಬೆಕ್ಕಿಗೆ ಬೇರೆ ಔಷಧಿಯೇ ಬೇಕು ಎಂದು ಅವರು ಎಚ್ಚರಿಸಿದರು. ನಾಯಿಗೆಂದು ಮಾಡಿದ ಪರ್ಮೆಥ್ರಿನ್ ಬೆಕ್ಕಿಗೆ ವಿಷ.

ದಿನಾ ಬೆಳಿಗ್ಗೆ ಬಿಳಿ ಪಟ್ಟಿ ಸುತ್ತಿ ಮಾಡಿನೊಳಗೆ ನಡೆದೆ. ರಾತ್ರಿ ಅಗಲದ ಹಿತ್ತಾಳೆ ತಟ್ಟೆಗೆ ನೀರು ಹಾಕಿ, ನಡುವೆ ಒಂದು ಕಲ್ಲಿಟ್ಟು, ಅದರ ಮೇಲೆ ಹಣತೆ ಹಚ್ಚಿ ಮಾಡಿನ ನೆಲದಲ್ಲಿ ಇಟ್ಟೆ. ಇದೂ ಅಜ್ಜಿಯದ್ದೇ. ಹೊಸದಾಗಿ ಗೂಡು ಒಡೆದ ಚಿಗಟ ಬೆಳಕಿಗೆ ಹಾರಿ ನೀರಿಗೆ ಬೀಳುತ್ತದೆ. ಬೆಳಿಗ್ಗೆ ಎಣಿಸಿ ಹಾಜರಿ ಪುಸ್ತಕದ ಹಾಳೆಯಲ್ಲಿ ಬರೆದಿಟ್ಟೆ, ಶಾಲೆಯ ಅಭ್ಯಾಸ. ಮೊದಲ ರಾತ್ರಿ ನಲವತ್ತಮೂರು. ವಾರದ ಕೊನೆಗೆ ಹದಿನೆಂಟು. ಹನ್ನೊಂದನೆಯ ದಿನ ಮಳೆ ಹನಿದು ಮತ್ತೆ ಇಪ್ಪತ್ತಾರು. ಆ ದಿನ ಮನಸ್ಸು ಕುಗ್ಗಿತು. ಮೂರನೆಯ ವಾರ ಐದು, ಎರಡು, ಎರಡು.

ತುಳಸಿ ಲಗ್ನದ ದಿನ ಮೊಮ್ಮಗಳನ್ನು ಎತ್ತಿಕೊಂಡು ಮಗಳು ಪುಣೆಯಿಂದ ಬಂದಳು. ಮಾಡಿನ ಬಾಗಿಲಲ್ಲಿ ಕೂತು ಬೂಟು ಬಿಚ್ಚುವಾಗ ಅಲ್ಲಿ ಇಟ್ಟಿದ್ದ ತಟ್ಟೆ ನೋಡಿ, ದೀಪ ಇಲ್ಲಿ ಯಾಕೆ ಎಂದು ಕೇಳಿದಳು. ಒಳಗಿನ ಪೆಟ್ಟಿಗೆಯಿಂದ ಇನ್ನೊಂದು ಜೋಡಿ ಬಿಳಿ ಪಟ್ಟಿ ತಂದು, ಒದ್ದೆ ಮಾಡಿ, ಅವಳ ಕಾಲಿಗೆ ಸುತ್ತುವುದನ್ನು ತೋರಿಸಿಕೊಟ್ಟೆ. ಅವಳು ನಾಲ್ಕು ಸುತ್ತು ನಡೆದು ಹೊರಗೆ ಬಂದಳು. ಬಟ್ಟೆಯ ಮೇಲೆ ಒಂದೂ ಇರಲಿಲ್ಲ.